ಮೂಲೆ ರೂಮಿನ ರೇಸು

ಬೆಳಗ್ಗೆ ಹೆಂಡತಿ ಕೇಳಿದ ಪ್ರಶ್ನೆಗೆ ಅವನು "ಒಂದು ಓಡುತ್ತೆ" ಎಂದಿದ್ದರೆ ಸಾಕಿತ್ತು. "ಎಲ್ಲಾನೂ ಓಡುತ್ತೆ" ಎಂದುಬಿಟ್ಟ.

"ಇದ್ರಲ್ಲಿ ಒಂದಾದ್ರೂ ಓಡುತ್ತಾ?" ಎಂಬ ಪ್ರಶ್ನೆ ಎದ್ದದ್ದು ಮನೆಯ ಮೂಲೆ ರೂಮಿನ ಬಗ್ಗೆ. ಅದರ ತುಂಬ ಹಳೆಯ ವಿಡಿಯೊ ಗೇಮು ಯಂತ್ರಗಳು, ಆಟದ ಕ್ಯಾಸೆಟ್ಟುಗಳು, ಒಂದಕ್ಕೊಂದು ಜಡೆ ಹಾಕಿಕೊಂಡ ವೈರುಗಳು. ಹೆಂಡತಿಯ ಹೊಲಿಗೆ ಯಂತ್ರಕ್ಕೆ ಜಾಗವಿಲ್ಲದೆ ಅದು ಊಟದ ಮೇಜನ್ನು ಹಿಡಿದಿತ್ತು. ಗಂಡ ಹೆಂಡತಿ ತಟ್ಟೆಯನ್ನು ತೊಡೆಯ ಮೇಲಿಟ್ಟುಕೊಂಡು ಉಣ್ಣುತ್ತಿದ್ದರು.

"ಎಲ್ಲಾನೂ ಬೇಡ, ಒಂದು ಓಡ್ಲಿ," ಎಂದಳು ಹೆಂಡತಿ. "ಸಂಜೆ ಅಮ್ಮ ಬರ್ತಾರೆ. ಒಂದು ಆಟ ಆಡಿಸಿ. ಅಮ್ಮ ಚೆನ್ನಾಗಿದೆ ಅಂದ್ರೆ ರೂಮು ನಿಮ್ಮದು, ಆಮೇಲೆ ನಾನು ಸೊಲ್ಲೆತ್ತಲ್ಲ. ಅನ್ನಲಿಲ್ವೋ, ಗುಜರಿಯವರಿಗೆ ಫೋನ್ ಮಾಡ್ತೀನಿ."

"ಆಯ್ತು ಬಿಡು."

ಈ ಮಾತಿನಿಂದಲೇ ಅವನಿಗೆ ಕಟ್ಟಡದಲ್ಲೆಲ್ಲ ಆಯ್ತುಬಿಡಿ ಎಂದು ಹೆಸರು. ವಿಮಾ ಕಚೇರಿಯ ಗುಮಾಸ್ತನಾದರೂ ಲಿಫ್ಟು ನಿಂತರೆ, ನಲ್ಲಿ ಸೋರಿದರೆ "ಆಯ್ತು ಬಿಡಿ, ನಾನಿದ್ದೀನಿ" ಎಂದು ಸ್ಕ್ರೂಡ್ರೈವರ್ ಹಿಡಿದು ಮುಂದೆ ಬರುತ್ತಿದ್ದ. ಆಮೇಲೆ ಲಿಫ್ಟಿನವರೋ ನಲ್ಲಿಯವರೋ ಬಂದು, ಕೆಟ್ಟದ್ದನ್ನೂ ಇವನು ಸರಿಮಾಡಿದ್ದನ್ನೂ ಸೇರಿಸಿ ರಿಪೇರಿ ಮಾಡಿ ಹೋಗುತ್ತಿದ್ದರು. ಅವನ ಆತ್ಮವಿಶ್ವಾಸಕ್ಕೆ ಮಾತ್ರ ಇದುವರೆಗೆ ಯಾರ ರಿಪೇರಿಯೂ ಬೇಕಾಗಿರಲಿಲ್ಲ.

ಈ ಸಲದ ಪರೀಕ್ಷಕರು ಸುಲಭದವರಲ್ಲ. ಅತ್ತೆ ದೊಡ್ಡಾಸ್ಪತ್ರೆಯಲ್ಲಿ ಹೆಡ್ ನರ್ಸ್ ಆಗಿ ನಿವೃತ್ತರಾದವರು. ಅವರು ವಾರ್ಡಿಗೆ ಕಾಲಿಟ್ಟರೆ ಪ್ರಜ್ಞೆ ಇಲ್ಲದ ರೋಗಿಗಳೂ ನೆಟ್ಟಗೆ ಮಲಗುತ್ತಿದ್ದರಂತೆ. ಅವರ ಬಾಯಿಂದ "ಚೆನ್ನಾಗಿದೆ" ಎಂಬ ಮಾತನ್ನು ಅವನು ಮದುವೆಯಾದಾಗಿನಿಂದ ಕೇಳಿರಲಿಲ್ಲ. ತನ್ನ ವಿಷಯದಲ್ಲಂತೂ ಕೇಳುವ ಆಸೆಯನ್ನೇ ಬಿಟ್ಟಿದ್ದ.

ಕಚೇರಿಗೆ ರಜೆ ಹಾಕಿ ಅವನು ಕಾರಿನ ರೇಸನ್ನು ಆರಿಸಿದ. ಒಂದು ರಸ್ತೆ, ಒಂದು ಕಾರು. ಕೆಡಲು ಇದರಲ್ಲಿ ಏನಿದೆ? ಕ್ಯಾಸೆಟ್ಟಿನ ಬಾಯಿಗೆ ಉಫ್ ಎಂದು ಊದಿ ಧೂಳು ಹಾರಿಸಿ, ಹಳೆಯ ಆಟಗಳನ್ನು ಆಡಿಸಲೆಂದೇ ಹೊಸದಾಗಿ ತಂದು ರೂಮಿನ ಟೀವಿಗೆ ಸಿಕ್ಕಿಸಿದ್ದ ಪೆಟ್ಟಿಗೆಗೆ ತುರುಕಿದ.

ಆಟ ಬಂತು. ಆದರೆ ಕಾರುಗಳು ಉಪವಾಸ ಬಿದ್ದ ಒಂಟೆಗಳ ಹಾಗೆ ಉದ್ದುದ್ದವಾಗಿದ್ದವು. ಜೊತೆಗೆ, ನಿದ್ದೆಗಣ್ಣಿನಲ್ಲಿ ಬಚ್ಚಲುಮನೆಗೆ ಹೊರಟವರಂತೆ ತಡವರಿಸುತ್ತ ಸಾಗುತ್ತಿದ್ದವು.

ಪೆಟ್ಟಿಗೆಯೊಳಗೆ ಹುಡುಕಿದಾಗ "ಹೊಂದಾಣಿಕೆ" ಎಂಬ ಸೆಟ್ಟಿಂಗ್ಸ್ ಸಿಕ್ಕಿತು. ಚಿತ್ರದ ಅಗಲ, ಆಟದ ವೇಗ, ಜಾಯ್‌ಸ್ಟಿಕ್ಕಿನ ಬಗೆ, ಹೀಗೆ ಸಾಲು ಸಾಲು. ಮದುವೆಯಾದವನಿಗೆ ಹೊಂದಾಣಿಕೆಯ ಭಯವೇನು ಎಂದುಕೊಂಡು ಒಳಗೆ ಹೋದ.

ಅಷ್ಟರಲ್ಲಿ ಕೆಳಮನೆಯ ಕನ್ನಡಕದ ಅಂಗಡಿಯವರು ಏಣಿ ಕೇಳಲು ಬಂದರು. ಏಣಿ ಮರೆತು ಟೀವಿಯನ್ನೇ ನೋಡಿದರು.

"ಇದು ನನ್ನ ಇಲಾಖೆ ಆಯ್ತುಬಿಡಿಯವರೇ. ಕೂತ್ಕೊಳ್ಳಿ. ಎಡಗಣ್ಣು ಮುಚ್ಚಿ."

"ಕೆಟ್ಟಿರೋದು ಚಿತ್ರ. ನನ್ನ ಕಣ್ಣಲ್ಲ."

"ಎಲ್ರೂ ಮೊದಲು ಹಾಗೇ ಅನ್ನೋದು. ಮುಚ್ಚಿ." ಕನ್ನಡಕದವರು ಜಾಯ್‌ಸ್ಟಿಕ್ ಕಸಿದುಕೊಂಡು ಗುಂಡಿ ಒತ್ತತೊಡಗಿದರು. "ಈಗ ಹೇಳಿ. ಇದು ಚೆನ್ನಾಗಿದ್ಯಾ... ಇದು ಚೆನ್ನಾಗಿದ್ಯಾ?"

"ಮೊದಲನೇದು."

"ಮೊದಲನೇದಾ... ಇದಾ?"

"ಎರಡೂ ಒಂದೇ ಥರ ಇದೆಯಲ್ರೀ!"

"ಗಾಬರಿಯಾಗ್ಬೇಡಿ. ವಯಸ್ಸಿಗೆ ತಕ್ಕ ಹಾಗೇ ಇದೆ."

ಪರೀಕ್ಷೆ ಮುಗಿಯುವ ಹೊತ್ತಿಗೆ ಚಿತ್ರ ಎಷ್ಟು ದೊಡ್ಡದಾಗಿತ್ತೆಂದರೆ ಕೆಳಗಿನ ಅರ್ಧ ಟೀವಿಯಿಂದಲೇ ಹೊರಗೆ ಹೋಗಿತ್ತು. ರಸ್ತೆ ಇಲ್ಲ, ಕಾರೂ ಇಲ್ಲ. ಬರೀ ಆಕಾಶ.

"ಮೋಡ ಎಷ್ಟು ಕ್ಲಿಯರ್ ಆಗಿದೆ ನೋಡಿ," ಎಂದು ಕನ್ನಡಕದವರು ತಮ್ಮ ಬೆನ್ನನ್ನು ತಾವೇ ತಟ್ಟಿಕೊಂಡರು.

ಆಯ್ತುಬಿಡಿ ಆಕಾಶವನ್ನು ಇಳಿಸಿ ರಸ್ತೆಯನ್ನು ಹತ್ತಿಸುವಷ್ಟರಲ್ಲಿ ಮೇಲ್ಮನೆಯ ಡ್ರೈವಿಂಗ್ ಮೇಷ್ಟ್ರು ಮೆಟ್ಟಿಲಿಳಿದು ಬಂದರು. ಊರಿನ ಅರ್ಧ ಜನಕ್ಕೆ ಗಾಡಿ ಕಲಿಸಿದವರು, ಉಳಿದರ್ಧ ಜನ ಹೇಗೆ ಓಡಿಸುತ್ತಾರೆಂದು ಬೈಯುವವರು.

"ಯಾರ್ರೀ ಅದು, ಆಗಿನಿಂದ ಮೊದಲನೇ ಗೇರಲ್ಲೇ ಎಳೀತಿರೋದು? ಮೇಲೆ ಕೂತು ಸದ್ದು ಕೇಳಿದ್ರೆ ನನ್ನ ಕರುಳು ಕಿತ್ತು ಬರ್ತಿದೆ."

"ವೇಗ ಸರಿಯಿಲ್ಲ ಮೇಷ್ಟ್ರೇ, ಈಗ ಮಾಡ್ತೀನಿ..."

"ವೇಗ ಆಮೇಲೆ. ಮೊದಲು ಸ್ಟಿಯರಿಂಗ್." ಮೇಷ್ಟ್ರು ಜಾಯ್‌ಸ್ಟಿಕ್ಕಿನ ಸಾಲಿಗೆ ಹೋಗಿ ಏನೋ ಬದಲಾಯಿಸಿದರು. ಅಲ್ಲಿಂದ ಮುಂದೆ ಎಡಕ್ಕೆ ಒತ್ತಿದರೆ ಕಾರು ಬಲಕ್ಕೆ ಹೋಯಿತು, ಬಲಕ್ಕೆ ಒತ್ತಿದರೆ ಎಡಕ್ಕೆ. ಮೇಷ್ಟ್ರು ಅದನ್ನು ಗಮನಿಸಲಿಲ್ಲ. ಅವರಿಗೆ ಬೇರೆಯೇ ಚಿಂತೆ.

"ಕನ್ನಡಿ ನೋಡ್ರೀ, ಕನ್ನಡಿ!"

"ಇದ್ರಲ್ಲಿ ಕನ್ನಡಿ ಇಲ್ಲ."

"ಕನ್ನಡಿ ಇಲ್ಲದ ಗಾಡೀನ ರಸ್ತೆಗೆ ಇಳಿಸಿದ್ದೀರಾ? ನಿಮಗೆ ಲೈಸೆನ್ಸ್ ಕೊಟ್ಟವರು ಯಾರು?"

ಹಸಿರು ದೀಪ ಬಿತ್ತು. ಮೇಷ್ಟ್ರು ಅವನ ಕೈ ಹಿಡಿದು ನಿಲ್ಲಿಸಿದರು. "ಅವರು ಹೋಗ್ಲಿ ಬಿಡಿ, ಅವಸರದವರು." ಎಲ್ಲ ಕಾರುಗಳೂ ಒಂದೊಂದಾಗಿ ಮುಂದೆ ಹೋದವು. ಮೇಷ್ಟ್ರು ಪ್ರತಿಯೊಂದಕ್ಕೂ ತಲೆಯಾಡಿಸಿ ದಾರಿ ಬಿಟ್ಟರು.

"ಚಿತ್ರ ಇನ್ನೊಂಚೂರು ಹಿಗ್ಗಿಸಿದ್ರೆ ನಂಬರ್ ಪ್ಲೇಟ್ ಕಾಣುತ್ತೆ," ಎಂದು ಕನ್ನಡಕದವರು ಜಾಯ್‌ಸ್ಟಿಕ್ಕಿಗೆ ಕೈ ಹಾಕಿದರು. ಮೇಷ್ಟ್ರು ಬಿಡಲಿಲ್ಲ. ಆಯ್ತುಬಿಡಿ ನಡುವೆ ಸಿಕ್ಕಿಕೊಂಡ. ಮೂವರ ಬೆರಳುಗಳ ಕೆಳಗೆ ಪೆಟ್ಟಿಗೆ, ಎಲ್ಲವನ್ನೂ ಕಾರ್ಖಾನೆಯಿಂದ ಬಂದಾಗ ಇದ್ದ ಹಾಗೆ ಮಾಡಲೇ ಎಂದು ಕೇಳಿತು. ಯಾರದೋ ಹೆಬ್ಬೆರಳು ಹೂಂ ಎಂದಿತು.

ಟೀವಿ ಕಪ್ಪಾಗಿ ಮತ್ತೆ ಬೆಳಗಿತು. ಈಗ ಸೆಟ್ಟಿಂಗ್ಸ್ ಪೂರ್ತಿ ಪೆಟ್ಟಿಗೆ ಹುಟ್ಟಿದ ದೇಶದ ಭಾಷೆಯಲ್ಲಿತ್ತು. ಅಕ್ಷರಗಳೋ, ಕಾಲು ಮುರಿದ ಕುರ್ಚಿಗಳನ್ನು ಸಾಲಾಗಿ ಪೇರಿಸಿಟ್ಟಂತೆ.

ಕನ್ನಡಕದವರಿಗೆ ಏಣಿ ನೆನಪಾಯಿತು. ಮೇಷ್ಟ್ರಿಗೆ ಒಲೆಯ ಮೇಲೆ ಇಟ್ಟ ಹಾಲು ನೆನಪಾಯಿತು. ಬಾಗಿಲಲ್ಲಿ ಹೆಂಡತಿಯ ಮುಖ ಕಾಣಿಸಿತು.

"ಗುಜರಿಯವರ ನಂಬರ್ ಸಿಕ್ತು," ಎಂದಳು.

"ಇಟ್ಕೊಂಡಿರು. ಮಿಕ್ಸಿ ಕೆಟ್ಟಾಗ ಬೇಕಾಗುತ್ತೆ," ಎಂದ ಅವನು, ಕುರ್ಚಿಗಳ ಸಾಲಿನಿಂದ ಕಣ್ಣು ಕೀಳದೆ.

ಮಧ್ಯಾಹ್ನವೆಲ್ಲ ಒಂದೊಂದೇ ಸಾಲನ್ನು ಬದಲಾಯಿಸಿದ, ಆಟಕ್ಕೆ ಹೋಗಿ ನೋಡಿದ, ಹಿಂದಕ್ಕೆ ಬಂದ. ಒಂದು ಸಲ ಎಡ ಮತ್ತೆ ಬಲವಾಯಿತು, ಒಂದು ಸಲ ಸದ್ದು ಹೋಯಿತು, ಒಂದು ಸಲ ಬಣ್ಣ ಹೋಯಿತು. ಧೈರ್ಯ ಹೋಗಲಿಲ್ಲ. ಚಿತ್ರದ ಅಗಲ ಸರಿಹೋಯಿತು, ಎಡ ಎಡವಾಯಿತು. ಕೊನೆಗೆ ಕೆಳಗಿನ ಒಂದು ಸಾಲಿನಲ್ಲಿ ಗುಟ್ಟು ಸಿಕ್ಕಿತು. ಆ ಆಟವನ್ನು ಮಾಡಿದ ದೇಶದ ಟೀವಿಗಳಲ್ಲಿ ಚಿತ್ರಗಳ ಓಟ ಜೋರು. ಪೆಟ್ಟಿಗೆಯೋ ನಿಧಾನದ ಟೀವಿಗಳ ಲೆಕ್ಕದಲ್ಲಿ ಅದನ್ನು ಓಡಿಸುತ್ತಿತ್ತು. ಅವನು ಅದನ್ನು ಬದಲಾಯಿಸಿದ್ದೇ ತಡ, ಕಾರು ಬಾಲಕ್ಕೆ ಬೆಂಕಿ ಬಿದ್ದಂತೆ ಹಾರಿತು. ಬದುಕಿನಲ್ಲಿ ಮೊದಲ ಬಾರಿಗೆ ಅವನು ಸರಿಮಾಡಿದ ವಸ್ತು ಸರಿಯಾಗಿತ್ತು.

ಅದೇ ಹೊತ್ತಿಗೆ ಕರೆಗಂಟೆ ಸದ್ದು ಮಾಡಿತು.

ಅತ್ತೆ ಬಂದರು. ಅವರ ಹಿಂದೆಯೇ, ಏನಾಯಿತೋ ನೋಡೋಣವೆಂದು, ಕನ್ನಡಕದವರೂ ಮೇಷ್ಟ್ರೂ ಬಂದರು. ಅತ್ತೆ ಚಹಾ ಕುಡಿದು, ಕುರ್ಚಿಯ ಧೂಳು ಒರೆಸಿ ಕೂತು, ಜಾಯ್‌ಸ್ಟಿಕ್ಕನ್ನು ಥರ್ಮಾಮೀಟರ್ ಹಿಡಿದಂತೆ ಹಿಡಿದರು.

"ಏನು ಮಾಡ್ಬೇಕು?"

"ಓಡಿಸ್ಬೇಕು ಅತ್ತೆ, ಅಷ್ಟೆ."

ಹಸಿರು ದೀಪ ಬಿತ್ತು. ಕಾರು ಜಿಗಿಯಿತು, ಮೊದಲ ತಿರುವಿನಲ್ಲೇ ಗೋಡೆಗೆ ಬಡಿಯಿತು. ಮತ್ತೆ ಹೊರಟಿತು, ಮತ್ತೆ ಬಡಿಯಿತು. ಆಮೇಲೆ ಮರಕ್ಕೆ. ಆಮೇಲೆ ಇನ್ನೊಂದು ಕಾರಿಗೆ.

"ಏನ್ರೀ ಅಳಿಯಂದ್ರೇ, ಇದು ಆಟಾನೋ ಅಪಘಾತ ವಿಭಾಗಾನೋ? ನನ್ನ ಸರ್ವೀಸಲ್ಲೇ ಒಂದು ದಿನಕ್ಕೆ ಇಷ್ಟು ಕೇಸು ಬಂದಿರಲಿಲ್ಲ." ಅತ್ತೆ ಜಾಯ್‌ಸ್ಟಿಕ್ ಕೆಳಗಿಟ್ಟರು.

ಹೆಂಡತಿ ಫೋನ್ ಕೈಗೆತ್ತಿಕೊಂಡಳು.

"ಒಂದೇ ನಿಮಿಷ ಅತ್ತೆ! ಎಂಜಿನ್ ಬಿಸಿಯಾಗಿದೆ," ಎಂದ ಆಯ್ತುಬಿಡಿ. ಸೆಟ್ಟಿಂಗ್ಸಿಗೆ ಹೋದ. ದಿನವಿಡೀ ಬೆವರು ಸುರಿಸಿ ಸರಿಮಾಡಿದ್ದ ಆ ಒಂದು ಸಾಲನ್ನು, ಎದೆ ಕಲ್ಲು ಮಾಡಿಕೊಂಡು ಮತ್ತೆ ಕೆಡಿಸಿದ.

ಕಾರುಗಳೆಲ್ಲ ನಿದ್ದೆಗಣ್ಣಿನ ನಡಿಗೆಗೆ ಮರಳಿದವು. ಅತ್ತೆ ಮೊದಲ ತಿರುವನ್ನು ಗಂಭೀರವಾಗಿ ದಾಟಿದರು. ಎರಡನೆಯದನ್ನೂ ದಾಟಿದರು. ಬೆನ್ನು ನೆಟ್ಟಗಾಯಿತು.

"ಪಕ್ಕಕ್ಕೆ ಸರಿಯಪ್ಪಾ, ಸ್ಟ್ರೆಚರ್ ಬರ್ತಿದೆ!" ಎಂದು ಮುಂದಿನ ಕಾರನ್ನು ಗದರಿಸಿ ಹಿಂದೆ ಹಾಕಿದರು.

"ಇದು ನೋಡಿ ಡ್ರೈವಿಂಗು!" ಎಂದು ಮೇಷ್ಟ್ರು ಗದ್ಗದಿತರಾದರು.

ಅತ್ತೆ ಮೊದಲ ಸ್ಥಾನಕ್ಕೆ ಬಂದರು. ಟೀವಿಯಲ್ಲಿ ಬಾಣಬಿರುಸು ಹಾರಿತು. ಅವರು ಸೆರಗಿನಿಂದ ಹಣೆ ಒರೆಸಿಕೊಂಡು, "ಚೆನ್ನಾಗಿದೆ," ಎಂದರು.

ಹೆಂಡತಿ ಫೋನ್ ಕೆಳಗಿಟ್ಟಳು. ಆಯ್ತುಬಿಡಿ ರೂಮಿನ ನಾಲ್ಕೂ ಗೋಡೆಗಳನ್ನು ಯಜಮಾನನ ಕಣ್ಣಿಂದ ನೋಡಿದ.

ಅತ್ತೆಯೂ ನೋಡುತ್ತಿದ್ದರು. "ಗಾಳಿ ಬೆಳಕೂ ಪರವಾಗಿಲ್ಲ. ಮಂಚ ಕಿಟಕಿ ಕಡೆ ಹಾಕ್ಬಹುದು."

"ಯಾರಿಗೆ ಮಂಚ ಅತ್ತೆ?"

"ನನಗೆ. ಇನ್ನೂ ಎಷ್ಟೊಂದು ರಸ್ತೆ ಬಾಕಿ ಇದೆ! ಕೇಸು ಅರ್ಧಕ್ಕೆ ಬಿಟ್ಟು ಹೋಗೋ ಅಭ್ಯಾಸ ನನಗಿಲ್ಲ." ಅಷ್ಟರಲ್ಲೇ ಅವರು ಹಿರಿಯ ಮಗಳಿಗೆ ಫೋನ್ ಮಾಡಿ ಬಟ್ಟೆ, ಮಾತ್ರೆ, ದಿಂಬು ಕಳಿಸಲು ಹೇಳುತ್ತಿದ್ದರು.

ಅವನು ಹೆಂಡತಿಯ ಕಡೆ ನೋಡಿದ.

"ರೂಮು ನಿಮ್ಮದೇ," ಎಂದಳು ಅವಳು. "ಮಾತಿಗೆ ತಪ್ಪೋಳಲ್ಲ ನಾನು. ಅಮ್ಮ ನಿಮ್ಮ ಅತಿಥಿ."

ಎಲ್ಲರೂ ಮಂಚ ತರಲು ಒಳಗೆ ಹೋದರು. ಆಯ್ತುಬಿಡಿ ಒಬ್ಬನೇ ಉಳಿದ. ಅವನಿಗೆ ಇನ್ನೂ ಭರವಸೆಯಿತ್ತು. ಸರಕ್ಕನೆ ಸೆಟ್ಟಿಂಗ್ಸಿಗೆ ಹೋಗಿ ವೇಗವನ್ನು ಮತ್ತೆ ಏರಿಸಿದ. ಇನ್ನು ನಾಲ್ಕು ಸಲ ಗೋಡೆಗೆ ಬಡಿದರೆ ಅತ್ತೆ ತಾವಾಗಿಯೇ ಮನೆಗೆ ಹೊರಡುತ್ತಾರೆ.

ಅತ್ತೆ ಬಂದು ಕೂತರು. ಹಸಿರು ದೀಪ ಬಿತ್ತು. ಕಾರು ಹಾರಿ ಗೋಡೆಗೆ ಬಡಿಯಿತು.

ಅವರು ನೇರವಾಗಿ ಸೆಟ್ಟಿಂಗ್ಸಿಗೆ ಹೋದರು. ಓದಲು ಬಾರದ ಆ ಸಾಲುಗಳಲ್ಲಿ ಸರಸರ ಕೆಳಗಿಳಿದು, ಬೇಕಾದ ಸಾಲಿನಲ್ಲೇ ನಿಂತು, ಗುಂಡಿಯನ್ನು ಒಂದೇ ಸಲ ಒತ್ತಿದರು. ಕಾರು ತಣ್ಣಗಾಯಿತು.

"ಯಾರು ಯಾವಾಗ ಡೋಸು ಏರಿಸ್ತಾರೆ, ಇಳಿಸ್ತಾರೆ ಅಂತ ನೋಡ್ಕೊಳ್ಳೋದೇ ನನ್ನ ಕೆಲಸ ಆಗಿತ್ತು ಅಳಿಯಂದ್ರೇ," ಎಂದರು ಅತ್ತೆ, ರಸ್ತೆಯಿಂದ ಕಣ್ಣು ತೆಗೆಯದೆ. "ಮಂಚ ಬಂತು ನೋಡಿ. ನಿಮ್ಮ ಸಾಮಾನೆಲ್ಲ ಮೆಲ್ಲಗೆ ಹೊರಗಿಡಿ. ಸದ್ದಾದ್ರೆ ನನಗೆ ತಿರುವು ತಪ್ಪುತ್ತೆ."