ಮೂರನೇ ಹಾಳೆಯ ಮೌನ

“ಇಪ್ಪತ್ತು ವರ್ಷದವನು. ದೂರದ ಊರಲ್ಲಿ ಒಬ್ಬ ಮುದುಕ ಆರ್ಗನ್ ನುಡಿಸ್ತಾನೆ ಅಂತ ಕಿವಿಗೆ ಬಿತ್ತು. ನಾಲ್ಕು ವಾರ ರಜೆ ಕೇಳಿ, ನೂರಾರು ಮೈಲಿ ನಡೆದೇ ಹೋದ. ಹೋದವನು ನಾಲ್ಕು ತಿಂಗಳು ವಾಪಸ್ ಬರಲಿಲ್ಲ. ಮುಂದೆ ಅವನಿಗೆ ಇಪ್ಪತ್ತು ಮಕ್ಕಳು. ಆ ಗಲಾಟೆಯಲ್ಲೇ ಕೂತು ಬರೆದ ನೋಡು, ಇವತ್ತಿಗೂ ಜನ ಕೈ ಮುಗೀತಾರೆ. ಇನ್ನೊಬ್ಬ ಇದ್ದ. ಕಿವಿ ಪೂರ್ತಿ ಹೋಗಿತ್ತು. ತಾನು ಬರೆದದ್ದನ್ನ ದೊಡ್ಡ ಮೇಳ ನುಡಿಸಿ ಮುಗಿಸಿದೆ, ಸಭೆ ಎದ್ದು ಚಪ್ಪಾಳೆ ಹೊಡೀತಿದೆ, ಇವನು ಜನರಿಗೆ ಬೆನ್ನು ಹಾಕಿ ಸುಮ್ಮನೆ ನಿಂತಿದಾನೆ. ಹಾಡೋ ಹೆಂಗಸೊಬ್ಬಳು ಹಿಡಿದು ತಿರುಗಿಸಿದ ಮೇಲೇ ಅವನಿಗೆ ಕಂಡದ್ದು, ಅಷ್ಟು ಕೈ ತನಗೋಸ್ಕರ ಬಡೀತಿವೆ ಅಂತ.”

ಇದು ನಮ್ಮ ಯಜಮಾನರ ಬೆಳಗಿನ ಪಾರಾಯಣ. ಪಿಯಾನೋಗಳಿಗೆ ಶ್ರುತಿ ಕೂಡಿಸುವುದು ಅವರ ಕಸುಬು. ಹಲ್ಲುಜ್ಜುವುದನ್ನು ಮರೆತಾರು, ಸಂಗೀತ ಬರೆದ ದೊಡ್ಡವರ ಕಥೆ ಹೇಳುವುದನ್ನು ಮರೆಯುವವರಲ್ಲ.

“ಇಪ್ಪತ್ತು ಮಕ್ಕಳಿದ್ರೆ ನಾನೂ ನಡೆದು ಹೋಗ್ತಿದ್ದೆ” ಎಂದೆ.

“ಆಗಿನ್ನೂ ಅವನಿಗೆ ಮದುವೇನೇ ಆಗಿರಲಿಲ್ಲ ಕಣೇ.”

“ಮುಂದೆ ಬರೋದು ಮೊದಲೇ ಗೊತ್ತಾಗಿರಬೇಕು.”

ಬಾಯಲ್ಲಿ ಹೀಗೆ ಅಂದರೂ ಒಳಗೊಳಗೆ ನಾನು ಬೆರಗಾಗಿ ಹೋಗಿದ್ದೆ. ಏಕೆಂದರೆ ಆ ಕಿವಿ ಹೋದ ಮಹಾನುಭಾವನದೇ ಒಂದು ರಚನೆಯನ್ನು ಸೊಸೆ ಮೂರು ವಾರದಿಂದ ಮುಂದಿನ ಕೋಣೆಯ ಪಿಯಾನೋದಲ್ಲಿ ಅಭ್ಯಾಸ ಮಾಡುತ್ತಿದ್ದಳು. ಸಂಗೀತ ಶಾಲೆಯಲ್ಲಿ ಪಿಯಾನೋ ಕಲಿಸುವ ಒಂದೇ ಒಂದು ಜಾಗ ಖಾಲಿಯಿತ್ತು. ಹಿಂದೆ ಎರಡು ಸಲ ಅಲ್ಲಿನ ಪರೀಕ್ಷೆಗೆ ಹೋಗಿ ಬರಿಗೈಯಲ್ಲಿ ಬಂದಿದ್ದಳು. ಮುಂದಿನ ವರ್ಷಕ್ಕೆ ವಯಸ್ಸು ಮೀರುತ್ತದೆ. ಈ ಸಲ ಆದರೆ ಆಯಿತು, ಇಲ್ಲದಿದ್ದರೆ ಇಲ್ಲ. ಅವಳು ಊಟದ ತಟ್ಟೆಯ ಅಂಚಿನ ಮೇಲೂ ಬೆರಳು ಆಡಿಸುತ್ತಿದ್ದಳು.

ನಾನು ಅಡುಗೆಮನೆಯಿಂದಲೇ ಕೇಳಿ ಕೇಳಿ ಅಷ್ಟನ್ನೂ ತಲೆಗೆ ತುಂಬಿಕೊಂಡಿದ್ದೆ. ಅದರಲ್ಲಿ ನನ್ನ ಜೀವ ಇದ್ದದ್ದು ಒಂದು ಕಡೆ. ಮೂರನೇ ಹಾಳೆಯ ಕೊನೆಗೆ ಎರಡೂ ಕೈ ಜಗಳವಾಡಿಕೊಂಡು ಮೆಟ್ಟಿಲಿಳಿದು ಬಂದು, ಇನ್ನೇನು ಬಿದ್ದೇಬಿಟ್ಟವು ಅನ್ನುವಾಗ, ತಟಕ್ಕನೆ ಮೌನ. ಒಂದು ಉಸಿರಿನಷ್ಟು ಏನೂ ಇಲ್ಲ. ಆಮೇಲೆ ಮೆಲ್ಲಗೆ ಮತ್ತೆ ಶುರು. ಆ ಮೌನ ಬಂದಾಗ ನಾನು ಸೌಟು ಹಿಡಿದ ಕೈಯನ್ನು ಹಾಗೇ ನಿಲ್ಲಿಸುತ್ತಿದ್ದೆ. ಕಿವಿ ಕೇಳದವನು ತನ್ನೊಳಗಿನ ನಿಶ್ಶಬ್ದದಲ್ಲಿ ಒಂದು ಚಿಟಿಕೆ ತೆಗೆದು ನಮಗೆ ಕೊಟ್ಟಿದ್ದಾನೆ ಅನ್ನಿಸುತ್ತಿತ್ತು. ಪಕ್ಕದ ಮನೆಯ ದರ್ಜಿಯ ಹೆಂಡತಿಗೂ ಈ ವಿಷಯ ಹೇಳಿದ್ದೆ. ಅವಳು ಸೂಜಿ ಬಿಟ್ಟು ಗಲ್ಲಕ್ಕೆ ಕೈ ಹಚ್ಚಿ ಕೇಳಿದ್ದಳು.

ಪರೀಕ್ಷೆಗೆ ನಾಲ್ಕು ದಿನ ಇರುವಾಗ ಯಜಮಾನರ ಕಣ್ಣಿನ ಪೊರೆ ತೆಗೆದು ಪಟ್ಟಿ ಕಟ್ಟಿದರು. ಸೊಸೆಗೆ ಹಾಳೆ ತಿರುಗಿಸಿ ಕೊಡುತ್ತಿದ್ದವರು ಅವರೇ.

“ನಾನಿದೀನಲ್ಲ” ಎಂದೆ.

ಸೊಸೆ ನನ್ನ ಮುಖ ನೋಡಿದಳು. “ಅತ್ತೆ, ನಿಮಗೆ ಇದನ್ನ ಓದೋಕೆ ಬರಲ್ಲ.”

“ಓದೋದು ನಿನ್ನ ಕೆಲಸ. ತಿರುಗಿಸೋದು ನನ್ನ ಕೆಲಸ. ಮೂರನೇ ತರಗತಿಗೆ ಪಾಟಿ ಕೆಳಗಿಟ್ಟವಳು ನಾನು, ಕಿವಿ ಕೆಳಗಿಟ್ಟಿಲ್ಲ.”

“ಸರಿ, ನಾನು ತಲೆ ಆಡಿಸ್ತೀನಿ, ಆಗ ತಿರುಗಿಸಿ.”

“ತಲೆ ಆಡಿಸೋದೇನೂ ಬೇಡ. ಎತ್ತಿಗೆ ಹಗ್ಗ ಜಗ್ಗಿದ ಹಾಗೆ ನನ್ನ ಜಗ್ಗಬೇಡ. ನನಗೆ ಜಾಗ ಗೊತ್ತು.”

ಗೊತ್ತಿತ್ತು, ಸುಳ್ಳಲ್ಲ. ನಾಲ್ಕು ದಿನ ಮನೆಯಲ್ಲಿ ಅವಳ ಪಕ್ಕ ನಿಂತು, ಕಣ್ಣು ಮುಚ್ಚಿಕೊಂಡು ಒಂದು ಸಲವೂ ತಪ್ಪದೆ ತಿರುಗಿಸಿದೆ. ಕಣ್ಣು ತೆರೆದರೆ ನನಗೆ ಕಿವಿ ಮಂದವಾಗುತ್ತದೆ. ಮೊದಲ ಹಾಳೆಗೆ ಒಂದು ಗುರುತು, ಎರಡನೆಯದಕ್ಕೆ ಒಂದು, ಮೂರನೆಯದಕ್ಕೆ ಆ ಮೌನ. ಯಜಮಾನರು ಒಂಟಿಗಣ್ಣಲ್ಲಿ ನೋಡಿ, “ಪರವಾಗಿಲ್ಲವೇ” ಎಂದರು. ಅವರ ಬಾಯಿಂದ ಅದು ಬರಬೇಕಾದರೆ ನಾನು ಮೂವತ್ತೆಂಟು ವರ್ಷ ಅಡುಗೆ ಮಾಡಬೇಕಾಯಿತು.

ಪರೀಕ್ಷೆಯ ಕೋಣೆ ಎತ್ತರದ್ದು. ಕಿಟಕಿಗಳಿಗೆ ದಪ್ಪ ಪರದೆ. ಮೇಜಿನ ಹಿಂದೆ ಮೂವರು. ನಡುವೆ ಬಿಳಿಗೂದಲಿನ ಮುಖ್ಯಸ್ಥೆ. ಪಿಯಾನೋ ನಮ್ಮ ಮನೆಯದರ ಮೂರರಷ್ಟು ಉದ್ದ, ಮಲಗಿದ ಆನೆಯ ಹಾಗೆ. ಯಜಮಾನರು ಗೋಡೆಯ ಬದಿಯ ಕುರ್ಚಿಯಲ್ಲಿ ಕುಳಿತರು. ಸೊಸೆಯ ಕುತ್ತಿಗೆಯಲ್ಲಿ ಬೆವರಿನ ಒಂದು ಗೆರೆ ಇಳಿಯುತ್ತಿತ್ತು.

ಮೊದಲ ಹಾಳೆ, ಸರಾಗ. ಎರಡನೆಯದು, ಬೆಣ್ಣೆಯಿಂದ ಕೂದಲು ತೆಗೆದ ಹಾಗೆ. ನಾನು ಕಣ್ಣು ಮುಚ್ಚಿ, ಮೂರನೆಯದರ ಮೂಲೆಯನ್ನು ಚಿವುಟಿ ಹಿಡಿದು ಕಾಯುತ್ತಿದ್ದೆ. ಎರಡೂ ಕೈ ಜಗಳವಾಡುತ್ತ ಮೆಟ್ಟಿಲಿಳಿದವು. ಬಂತು, ಬಂತು, ಈಗ ಮೌನ.

ಮೌನ ಬರಲಿಲ್ಲ. ಅದರ ಜಾಗದಲ್ಲಿ ಒಂದು ಸ್ವರ ಬಂತು. ಒಂದೇ ಒಂದು. ಅಷ್ಟು ಕೆಳಗಿನ ಸ್ವರವನ್ನು ನಾನು ಜನ್ಮದಲ್ಲಿ ಕೇಳಿರಲಿಲ್ಲ. ಅದು ಕಿವಿಗೆ ಮೊದಲು ಬರಲಿಲ್ಲ; ನೆಲದ ಹಲಗೆಯಿಂದ ಅಂಗಾಲಿಗೆ ಹತ್ತಿ, ಮೊಣಕಾಲು ದಾಟಿ, ಹೊಟ್ಟೆಯಲ್ಲಿ ಬಂದು ಕುಳಿತಿತು. ಭೂಮಿ ಒಮ್ಮೆ ಗಂಟಲು ಸರಿಮಾಡಿಕೊಂಡ ಹಾಗೆ. ನಾನು ಇದ್ದಲ್ಲೇ ಕಲ್ಲಾದೆ. ಇದು ಎಲ್ಲಿಂದ ಬಂತು? ಇಷ್ಟು ದಿನ ಎಲ್ಲಿತ್ತು? ಬಾಯಿ ತೆರೆದುಕೊಂಡೇ ಇತ್ತು. ಹಾಳೆ ಮಾತ್ರ ತಿರುಗಿರಲಿಲ್ಲ.

ಸೊಸೆ ತಲೆ ಆಡಿಸಿದಳು. ಮತ್ತೆ ಆಡಿಸಿದಳು. ಜುಟ್ಟು ಬಿಚ್ಚಿಹೋಗುವಷ್ಟು ಆಡಿಸಿದಳು. ಕಣ್ಣು ಮುಚ್ಚಿದವಳಿಗೆ ಅದು ಹೇಗೆ ಕಾಣಬೇಕು? ಎಡಗಡೆ ಕುಳಿತ ಪರೀಕ್ಷಕರು ಅವಳ ಭಾವಾವೇಶ ಕಂಡು ತಾವೂ ತಲೆದೂಗಿದರಂತೆ.

“ಅತ್ತೇ” ಎಂದು ಹಲ್ಲಿನ ಸಂದಿಯಿಂದ ಒಂದು ಸಣ್ಣ ಉಸಿರು ಬಂದ ಮೇಲೆ ನಾನು ಭೂಮಿಗಿಳಿದೆ. ಗಾಬರಿಯಲ್ಲಿ ಎರಡು ಹಾಳೆ ಒಟ್ಟಿಗೆ ತಿರುಗಿಸಿದೆ. ಒಂದನ್ನು ವಾಪಸ್ ತರಲು ಹೋದೆ. ಇಡೀ ಕಟ್ಟು ಜಾರಿ ಅವಳ ಕೈಗಳ ಮೇಲೆ ಬಿತ್ತು. ಅವಳು ಹಾಳೆಗಳ ಕೆಳಗೆ ಕೈಯಿಟ್ಟುಕೊಂಡೇ ನುಡಿಸುತ್ತಿದ್ದಳು, ಹೊದಿಕೆಯೊಳಗೆ ಬೆಕ್ಕು ಓಡಾಡಿದ ಹಾಗೆ. ನಾನು ಎಲ್ಲವನ್ನೂ ಬಾಚಿ, ಕೈಗೆ ಮೊದಲು ಸಿಕ್ಕಿದ್ದನ್ನು ಎರಡೂ ಕೈಯಲ್ಲಿ ಎತ್ತಿ ಅವಳ ಮೂಗಿನ ಮುಂದೆ ಹಿಡಿದು ನಿಂತೆ. ಮುಗಿಯುವ ತನಕ ಅಲುಗಲಿಲ್ಲ. ಅಷ್ಟು ನಿಷ್ಠೆಯಿಂದ ಯಾರೂ ಹಾಳೆ ಹಿಡಿದಿರಲಾರರು.

ಮುಗಿಯಿತು. ಮುಖ್ಯಸ್ಥೆ ಕನ್ನಡಕ ತೆಗೆದರು.

“ಅಮ್ಮ, ನೀವು ಹಿಡಿದಿರೋದು ತಲೆಕೆಳಗಾಗಿದೆ.”

ನನಗೆ ಅದರಲ್ಲಿ ತಲೆ ಯಾವುದು, ಕಾಲು ಯಾವುದು ತಿಳಿದರೆ ತಾನೆ?

“ಅದಿರಲಿ, ಮೂರನೇ ಹಾಳೆ ಯಾಕೆ ತಿರುಗಿಸಲಿಲ್ಲ?” ಎಂದು ಕೇಳಿದರು.

“ಅಲ್ಲಿ ಒಂದು ಮೌನ ಬರಬೇಕಿತ್ತು ತಾಯಿ, ಬರಲಿಲ್ಲ. ನಿಮ್ಮ ಪಿಯಾನೋ ಅದನ್ನ ನುಂಗಿಬಿಟ್ಟಿತು.”

ಮೂವರೂ ಹಾಳೆ ನೋಡಿದರು. ಅಲ್ಲಿ ಮೌನ ಇರಲಿಲ್ಲ. ಸೊಸೆ ನನ್ನನ್ನು ನೋಡಿದಳು, ಆಮೇಲೆ ನಿಧಾನವಾಗಿ ಗೋಡೆಯ ಬದಿಗೆ ತಿರುಗಿದಳು. ಗೋಡೆಯ ಬದಿಯ ಕುರ್ಚಿಯಲ್ಲಿ ಯಜಮಾನರು ತಮ್ಮ ಬೂಟಿನ ದಾರ ಕಟ್ಟತೊಡಗಿದ್ದರು. ಅದು ದಾರವಿಲ್ಲದ ಬೂಟು.

ದಾರಿಯಲ್ಲಿ ಕೇಳಿದೆ, “ಏನ್ರೀ ಅದು?”

“ನಮ್ಮ ಮನೆಯದರಲ್ಲಿ ಎಡಗಡೆ ಕೊನೇ ಹತ್ತಿರ, ಬೆರಳಲ್ಲಿ ಒತ್ತೋ ಒಂದು ಮಣೆ ಕೂಗಲ್ಲ. ಒಳಗೆ ತಂತಿಗೆ ಬಡಿಯೋ ಸುತ್ತಿಗೆ ಮುರಿದಿದೆ.”

“ಯಾವಾಗಿನಿಂದ?”

“ಹನ್ನೊಂದು ವರ್ಷ ಆಯ್ತು. ಮುಂದಿನ ವಾರ ಮಾಡೋಣ ಅಂತಿದ್ದೆ.”

ಊರಿನ ಪಿಯಾನೋಗಳಿಗೆಲ್ಲ ಬಾಯಿ ಕೊಟ್ಟವರು; ದೀಪದ ಬುಡದಲ್ಲಿ ಮಾತ್ರ ಕತ್ತಲೆ. “ನಿನಗಾದರೂ ಗೊತ್ತಿರಲಿಲ್ವೇನೇ?” ಎಂದು ಸೊಸೆಯನ್ನು ಕೇಳಿದೆ.

“ನನಗೆ ಅಲ್ಲಿ ಸ್ವರ ಕೇಳಿಸುತ್ತೆ ಅತ್ತೆ. ಬೆರಳಿಟ್ಟರೆ ಸಾಕು, ಒಳಗೇ ಕೇಳಿಸುತ್ತೆ. ಇಲ್ಲ ಅಂತ ಯೋಚನೆನೇ ಬರಲಿಲ್ಲ.”

ಕಿವಿ ಇಲ್ಲದವನು ಇದ್ದದ್ದನ್ನು ಕೇಳಿ ಬರೆದ. ಸೊಸೆ ಸತ್ತ ಮಣೆಯಲ್ಲೂ ಅದನ್ನೇ ಕೇಳಿದಳು. ಎರಡು ಗಟ್ಟಿ ಕಿವಿ ಇಟ್ಟುಕೊಂಡು, ಇಲ್ಲದ್ದನ್ನು ಕೇಳಿ, ದರ್ಜಿಯ ಹೆಂಡತಿಗೂ ಹಂಚಿದವಳು ನಾನೊಬ್ಬಳೇ.

ಒಂಬತ್ತು ದಿನ ಮನೆಯಲ್ಲಿ ಯಾರೂ ಪಿಯಾನೋ ಮುಟ್ಟಲಿಲ್ಲ. ಸೊಸೆ ನನಗೆ ಒಂದು ಮಾತು ಅನ್ನಲಿಲ್ಲ. ಅಂದಿದ್ದರೆ ನನಗೆ ಒಂದು ತುತ್ತು ಹೆಚ್ಚು ಇಳಿಯುತ್ತಿತ್ತು. ಹತ್ತನೇ ದಿನ ಪತ್ರ ಬಂತು. ನಾನು ಪಾತ್ರೆ ತೊಳೆಯುತ್ತಿದ್ದೆ. ಅವಳು ಬಾಗಿಲಲ್ಲಿ ನಿಂತು ಓದಿದಳು.

“‘ಕಡೆಯ ಎರಡು ಪುಟಗಳನ್ನು ಹಾಳೆಯ ನೆರವಿಲ್ಲದೆ, ಹಾಳೆಯ ಅಡ್ಡಿಯಿದ್ದೂ, ದೋಷವಿಲ್ಲದೆ ನುಡಿಸಿದ್ದನ್ನು ಪರಿಗಣಿಸಿ ತಮ್ಮನ್ನು ನೇಮಿಸಲಾಗಿದೆ.’”

ಅವಳ ದನಿ ಅಲ್ಲಿ ಒಡೆಯಿತು. ನನ್ನ ಕಣ್ಣು ತುಂಬಿತು. ಒರೆಸಿಕೊಳ್ಳಲು ಹೋಗಿ ಸೋಪು ಹಚ್ಚಿಕೊಂಡೆ.

“ಹಾಗಾದ್ರೆ ನನ್ನಿಂದಲೇ ಕೆಲಸ ಸಿಕ್ಕಿತು” ಎಂದೆ.

“ಕೆಳಗೆ ಇನ್ನೊಂದು ಸಾಲಿದೆ ಅತ್ತೆ. ‘ಮುಂದೆ ಹಾಳೆ ತಿರುಗಿಸುವವರನ್ನು ಸಂಸ್ಥೆಯೇ ಒದಗಿಸುತ್ತದೆ. ಮನೆಯಿಂದ ಯಾರನ್ನೂ ಕರೆತರತಕ್ಕದ್ದಲ್ಲ.’”

ಯಜಮಾನರು ಪಟ್ಟಿ ಬಿಚ್ಚಿದ ಹೊಸ ಕಣ್ಣಿಂದ ಪತ್ರವನ್ನು ಎರಡು ಸಲ ನೋಡಿದರು. “ನಲವತ್ತು ವರ್ಷ ಶ್ರುತಿ ಕೂಡಿಸೋಕೆ ಆ ಶಾಲೆಗೆ ಹೋಗಿ ಬಂದೆ ಕಣೇ. ನನಗೋಸ್ಕರ ಅವರು ಒಂದು ನಿಯಮ ಮಾಡಲಿಲ್ಲ.”

ತಳ ಹಿಡಿದ ಹಾಲಿನ ಪಾತ್ರೆ ಇನ್ನೂ ಉಳಿದಿತ್ತು. ಅದಕ್ಕೆ ನೀರು ಬಿಟ್ಟು ಉಜ್ಜತೊಡಗಿದೆ.