ಅಯ್ಯೋ ಅನ್ನದೆ ಒಂದು ತಾಸು

ನೋವಿನಲ್ಲಿರುವವರ ಮುಂದೆ ನಗಬಾರದು ಎಂದು ನಮಗೆ ಕಾಲೇಜಿನಲ್ಲಿ ಕಲಿಸಿದ್ದರು. ನೋವಿನಲ್ಲಿರುವವರೇ ನಗಿಸಿದರೆ ಏನು ಮಾಡಬೇಕು ಎಂದು ಮಾತ್ರ ಯಾರೂ ಹೇಳಿಕೊಡಲಿಲ್ಲ. ಗಡಹಿಂಗ್ಲಜದ ತವರು ಬಿಟ್ಟು ಇಚಲಕರಂಜಿಗೆ ಬಂದು ಫಿಸಿಯೋಥೆರಪಿ ಶುರು ಮಾಡಿದಾಗಿನಿಂದ ನಾನು ಮುಖ ಗಂಟು ಹಾಕಿಕೊಂಡೇ ಈ ಕಷ್ಟ ಅನುಭವಿಸುತ್ತ ಬಂದಿದ್ದೇನೆ. ಇಂಥವು ವಾರಕ್ಕೊಂದಾದರೂ ನಡೆಯುತ್ತವೆ. ಆದರೆ ಅಕಿವಾಟದ ಒಬ್ಬ ಆಯಿ, ಅಂದರೆ ಅಜ್ಜಿ, ಒಬ್ಬರೇ ಒಂದು ವರ್ಷಕ್ಕೆ ಸಾಕಾಗುವಷ್ಟು ಕೊಟ್ಟು ಹೋದರು.

೧. ಸೋತ ಕುಸ್ತಿ

ಆಯಿಗೆ ಎಪ್ಪತ್ತು ದಾಟಿತ್ತು. ಜೈನರ ಮನೆ, ಕಬ್ಬಿನ ಹೊಲ. ಸೊಸೆಯ ಭುಜ ಹಿಡಿದು, ಬಲಗಾಲು ಅರ್ಧ ಊರಿ ಅರ್ಧ ಊರದೆ ಒಳಗೆ ಬಂದರು. ಎಲುಬಿನ ಡಾಕ್ಟರು ಎಕ್ಸ್‌ರೇ ನೋಡಿ, ಕೀಲು ಚೆನ್ನಾಗಿದೆ, ಇದು ಬರ್ಸೈಟಿಸ್ ಎಂದು ಬರೆದು ನನ್ನ ಹತ್ತಿರ ಕಳಿಸಿದ್ದರು.

ನಾನು ಬಿಡಿಸಿ ಹೇಳಿದೆ. ಸೊಂಟದ ಹೊರಮಗ್ಗುಲಲ್ಲಿ ಕೈಗೆ ಸಿಗುವ ಎಲುಬಿಗೂ ಅದರ ಮೇಲೆ ಜಾರುವ ಸ್ನಾಯುವಿಗೂ ನಡುವೆ ಒಂದು ಸಣ್ಣ ಚೀಲ ಇರುತ್ತದೆ. ಒಳಗೆ ಚೂರು ಜಿಗುಟು ನೀರು. ತಿಕ್ಕಾಟ ಹೆಚ್ಚಾದರೆ ಆ ಚೀಲ ಬಾಯುತ್ತದೆ, ಅಂದರೆ ಊದಿಕೊಳ್ಳುತ್ತದೆ. ಆಗ ಆ ಮಗ್ಗುಲಿಗೆ ಮಲಗಲಾಗುವುದಿಲ್ಲ, ಮೆಟ್ಟಿಲು ಹತ್ತಲಾಗುವುದಿಲ್ಲ, ಬಹಳ ಹೊತ್ತು ನಿಲ್ಲಲಾಗುವುದಿಲ್ಲ.

"ಅಂದ್ರ ತಿಕ್ಕಿದ್ರ ಬಾಯ್ತೈತಿ ಅಂತೀರಿ?" ಆಯಿ ಕೇಳಿದರು.

"ಹೌದ್ರಿ ಆಯಿ."

ಆಯಿ ಸೊಸೆಯ ಕಡೆ ನೋಡಿದರು. ಸೊಸೆ ನೆಲ ನೋಡಿದಳು. ಆಮೇಲೆ ವಿಷಯ ಹೊರಬಿತ್ತು. ನನ್ನ ಹತ್ತಿರ ಬರುವ ಮೊದಲು ಮಗ ಆಯಿಯನ್ನು ಕೊಲ್ಹಾಪುರಕ್ಕೆ ಕರೆದೊಯ್ದು, ತಾಲೀಮಿನಲ್ಲಿ ಪೈಲ್ವಾನರನ್ನು ತಯಾರು ಮಾಡುವ ಒಬ್ಬ ವಸ್ತಾದನ ಕೈಯಲ್ಲಿ ಮೂರು ರವಿವಾರ ತಿಕ್ಕಿಸಿದ್ದ.

"ಮೊದಲನೇ ಸಲ ನೋವಾಕ್ಕೈತಿ ಅಂದೆ, ಕೇಳಲಿಲ್ಲ," ಎಂದರು ಆಯಿ. "ಎರಡನೇ ಸಲ ಒದರಿದೆ, ಇನ್ನಷ್ಟು ಜೋರಲೆ ತಿಕ್ಕಿದಾ. ಮೂರನೇ ಸಲ, ಯಪ್ಪಾ ನಾ ಸೋತೆ ಅಂತ ಕೈ ಮುಗದೆ. ಆಗ ಬಿಟ್ಟಾ."

೨. ಸೊಂಟಕ್ಕೆ ವಾಯಿದೆ

ಆಯಿಗೆ ಬೇಕಾಗಿದ್ದು ನಡೆಯುವುದಲ್ಲ, ಮಲಗುವುದೂ ಅಲ್ಲ. "ನನಗ ಒಂದ ತಾಸು ನಿಲ್ಲಾಕ ಬರಬೇಕ್ರಿ. ಬಾಯಿಂದ ಅಯ್ಯೋ ಅಂತ ಬರಬಾರದು. ಅಷ್ಟ ಮಾಡಿ ಕೊಡ್ರಿ," ಎಂದರು.

ಕಾರಣ ಕೇಳಿದಾಗ ಸೊಸೆ ಮೆಲ್ಲಗೆ ಹೇಳಿದಳು. ಅವರ ಊರಿನ ಬಸದಿಯಲ್ಲಿ ಮಳೆಗಾಲದ ನಾಲ್ಕು ತಿಂಗಳು ದಿಗಂಬರ ಮುನಿ ಮಹಾರಾಜರು ಇರುತ್ತಾರೆ. ಅವರು ಉಣ್ಣುವುದು ದಿನಕ್ಕೆ ಒಂದೇ ಸಲ, ನಿಂತುಕೊಂಡು, ಬೊಗಸೆಯಲ್ಲಿ. ಬಡಿಸುವವರೂ ನಿಂತೇ ಇರಬೇಕು. ನಡುವೆ ಊಟದಲ್ಲಿ ಕೂದಲು ಸಿಕ್ಕರೆ ಅಥವಾ ಯಾರಾದರೂ ಅತ್ತ ದನಿ ಕಿವಿಗೆ ಬಿದ್ದರೆ ಅದು ಅಂತರಾಯ. ಮಹಾರಾಜರು ಅಲ್ಲಿಗೇ ಬೊಗಸೆ ಬಿಡುತ್ತಾರೆ. ಮರುದಿನದವರೆಗೆ ಒಂದು ಹನಿ ನೀರೂ ಇಲ್ಲ.

ಹೋದ ವರ್ಷ ಆಯಿಯ ಮನೆಯಲ್ಲಿ ಮಹಾರಾಜರು ಎರಡು ಬೊಗಸೆ ನೀರು ಕುಡಿದಿದ್ದರು. ಆಯಿಯ ಸೊಂಟದಲ್ಲಿ ಚಳಕು ಹೊಡೆಯಿತು. ಅವರು "ಅಯ್ಯೋ ನಮ್ಮವ್ವಾ" ಎಂದು ಕೂಗಿ ಅತ್ತುಬಿಟ್ಟರು. ಮಹಾರಾಜರು ಬೊಗಸೆ ಬಿಟ್ಟು, ಬಿಸಿಲಲ್ಲಿ ನಡೆದು ಹೋದರು.

"ನನ್ನ ನೋವಿಗೆ ಅವರು ಉಪವಾಸ ಬಿದ್ರು," ಎಂದರು ಆಯಿ. ಕಣ್ಣಲ್ಲಿ ನೀರಿತ್ತು. ಕ್ಲಿನಿಕ್ಕಿನಲ್ಲಿ ಇದು ನನಗೆ ಹೊಸದು. ಎಲ್ಲರೂ ತಮ್ಮ ನೋವು ಹೋಗಲಿ ಎಂದು ಬರುತ್ತಾರೆ, ಈಕೆ ಇನ್ನೊಬ್ಬರ ಊಟಕ್ಕಾಗಿ ಬಂದಿದ್ದರು.

ಆರೆಂಟು ವಾರ ಬೇಕಾಗುತ್ತದೆ ಎಂದೆ. ಆಯಿ ಬೆರಳು ಮಡಚಿ ಎಣಿಸಿದರು. "ಮಹಾರಾಜರು ದೀಪಾವಳಿ ತನಕಾ ಇರ್ತಾರ. ನನಗ ಏನ ಹೇಳಬ್ಯಾಡ್ರಿ, ಈ ಸೊಂಟಕ್ಕ ಹೇಳ್ರಿ."

೩. ತಣ್ಣಗಾದ ಹೊಟ್ಟೆ

ಮೊದಲು ಬಾವು ಇಳಿಯಬೇಕು. ದಿನಕ್ಕೆ ಎರಡು ಮೂರು ಸಲ, ಬಟ್ಟೆಯಲ್ಲಿ ಸುತ್ತಿದ ಐಸನ್ನು ಹತ್ತು ನಿಮಿಷ ಇಡಿ ಎಂದೆ. ಆಯಿ ನನ್ನನ್ನು ಕೊಲೆಗಾತಿಯನ್ನು ನೋಡುವಂತೆ ನೋಡಿದರು.

"ಐಸಿನಾಗ ಎಷ್ಟ ಜೀವ ಇರ್ತಾವ ಗೊತ್ತೈತೇನ್ರಿ? ನನ್ನೊಂದು ಸೊಂಟಕ್ಕ ಅಷ್ಟೂ ಸಾಯ್ಬೇಕು?"

ಅಂಗಡಿಯ ಜೆಲ್ ಚೀಲ ತೋರಿಸಿದೆ. ಒಳಗೆ ಏನಿದೆ ಎಂದು ಕೇಳಿದರು. ನನಗೂ ಸರಿಯಾಗಿ ಗೊತ್ತಿರಲಿಲ್ಲ. ಹೊತ್ತು ಮುಳುಗಿದ ಮೇಲೆ ಬಾಯಿಗೆ ಏನೂ ಹಾಕದವರು, ರಾತ್ರಿಯ ಗುಳಿಗೆಯನ್ನಂತೂ ಅವರೇ ಡಾಕ್ಟರಿಗೆ ಫೋನು ಮಾಡಿ ಹೊತ್ತು ಮುಳುಗುವ ಮೊದಲಿಗೆ ತಂದುಕೊಂಡಿದ್ದರು. ಕೊನೆಗೆ ಸೊಸೆಯೇ ದಾರಿ ಹುಡುಕಿದಳು. ಅಕ್ಕಿಯನ್ನು ಬಟ್ಟೆಯ ಚೀಲದಲ್ಲಿ ಹೊಲಿದು ಫ್ರಿಜ್ಜಿನಲ್ಲಿಟ್ಟು, ತಣ್ಣಗಾದ ಮೇಲೆ ಸೊಂಟಕ್ಕೆ ಇಡುವುದು. ನಾನು ಒಪ್ಪಿದೆ, ಆಯಿಯೂ ಒಪ್ಪಿದರು.

ಮುಂದಿನ ವಾರ ನೋವು ಹೇಗಿದೆ ಎಂದು ಕೇಳಿದೆ. ಸೊಸೆ ನಡೆದದ್ದು ಹೇಳಿದಳು. ಅವಳು ಹೊಲಕ್ಕೆ ಹೋಗಿದ್ದಾಗ, ಗಂಡನ ಊರಿನಿಂದ ಬಂದ ಆಯಿಯ ಮಗಳು ಫ್ರಿಜ್ಜು ತೆಗೆದು, ಇಷ್ಟು ಜೋಪಾನವಾಗಿ ಇಟ್ಟಿದ್ದಾರೆಂದರೆ ಒಳ್ಳೆಯ ಅಕ್ಕಿಯೇ ಇರಬೇಕೆಂದು ಹೊಲಿಗೆ ಬಿಚ್ಚಿ ಅನ್ನ ಮಾಡಿಬಿಟ್ಟಿದ್ದಳು.

"ಸೊಂಟ ತಣ್ಣಗಾಗಲಿಲ್ರಿ," ಎಂದರು ಆಯಿ. "ಎಲ್ಲಾರ ಹೊಟ್ಟಿ ತಣ್ಣಗಾತು."

೪. ದಿಂಬು

ಮಲಗುವಾಗ ಎಡಮಗ್ಗುಲಿಗೆ ತಿರುಗಿ, ಎರಡು ಮೊಣಕಾಲುಗಳ ನಡುವೆ ಒಂದು ದಿಂಬು ಇಟ್ಟುಕೊಳ್ಳಲು ಹೇಳಿದೆ. ಆಯಿ ಚಾಚೂ ತಪ್ಪದೆ ಮಾಡಿದರು. ಹದಿನೈದು ದಿನಕ್ಕೆ ನಿದ್ದೆ ಹತ್ತತೊಡಗಿತು. ಆ ಸಲ ಅವರ ಜೊತೆ ಅಜ್ಜನೂ ಬಂದಿದ್ದರು. ಹೆಂಡತಿಯ ಮೇಲೆ ಎಷ್ಟು ಕಾಳಜಿ ಎಂದು ನಾನು ಹೊಗಳಿದೆ. ಅಜ್ಜ ತಲೆ ಆಡಿಸಲಿಲ್ಲ. ಆಡಿಸಲು ಬರುತ್ತಿರಲಿಲ್ಲ.

"ಅಕಿ ಕಾಲಾಗ ಇರೂದು ನನ್ನ ದಿಂಬು," ಎಂದರು ಎದುರಿನ ಗೋಡೆಯನ್ನೇ ನೋಡುತ್ತ. "ನನ್ನ ಕುತ್ತಿಗಿಗೆ ಏನರ ಮಾಡ್ರಿ."

೫. ಮಗ್ಗದ ಪಾಠ

ನಾಲ್ಕನೆಯ ವಾರದಿಂದ ವ್ಯಾಯಾಮ ಹೆಚ್ಚಿಸಿದೆ. ಎಡಮಗ್ಗುಲಿಗೆ ಮಲಗಿ ಬಲಗಾಲು ಎತ್ತುವುದು, ಬೆನ್ನು ಗೋಡೆಗೆ ಆನಿಸಿ ನಿಲ್ಲುವುದು. ಪಾದಗಳ ನಡುವೆ ಗೇಣು ಅಂತರ, ಭಾರ ಎರಡೂ ಕಾಲಿನ ಮೇಲೆ. ಹೆಂಗಸರು ಮಾತಾಡುತ್ತ ನಿಂತಾಗ ಒಂದೇ ಸೊಂಟದ ಮೇಲೆ ವಾಲುತ್ತಾರಲ್ಲ, ಅದು ಪೂರ್ತಿ ಬಂದ್. ಆಯಿ ಇಪ್ಪತ್ತು ನಿಮಿಷಕ್ಕೆ ಬಂದರು. ಅಲ್ಲಿಂದ ಮುಂದೆ ಹೋಗಲಿಲ್ಲ. ಅಷ್ಟಾದ ಮೇಲೆ ನರಳಿಕೆ ತಾನಾಗಿ ಬಂದುಬಿಡುತ್ತಿತ್ತು.

ಅದೇ ಹೊತ್ತಿಗೆ ಯಡ್ರಾವದ ಒಬ್ಬ ಪವರ್‌ಲೂಮ್ ಕೆಲಸಗಾರನೂ ಬರುತ್ತಿದ್ದ. ಅವನಿಗೂ ಇದೇ ಕಾಯಿಲೆ. ಎಳೆ ಹರಿದಾಗಲೆಲ್ಲ ಮಗ್ಗಕ್ಕೆ ಸೊಂಟ ಒತ್ತಿ ನಿಂತು ಗಂಟು ಹಾಕಿ ಹಾಕಿ ಬಂದದ್ದು. ದಿನಕ್ಕೆ ಹನ್ನೆರಡು ತಾಸು ನಿಲ್ಲುತ್ತಾನೆ ಎಂದು ಕೇಳಿದ ಆಯಿಗೆ ಗುರು ಸಿಕ್ಕಂತಾಯಿತು.

"ತಮ್ಮಾ, ಅಷ್ಟೊತ್ತು ನಿಂತ್ರೂ ನೀ ಅಯ್ಯೋ ಅನ್ನೂದಿಲ್ಲಲಾ, ಅದ್ಹೆಂಗಪಾ? ನನಗೂ ಹೇಳಿಕೊಡು."

ಅವನು ಅತ್ತಿತ್ತ ನೋಡಿ, ನಾಚಿಕೊಂಡು ಅರ್ಧ ಮರಾಠಿಯಲ್ಲಿ ಹೇಳಿದ. "ಆಜಿ, ಆಮ್ಹೀ ಓರಡತೋಚ ಕೀ! ನಾವೂ ದಿನಾ ಪೂರಾ ಒದರತೇವಿ. ಮಗ್ಗದ ಸಪ್ಪಳದಾಗ ಯಾರಿಗೂ ಕೇಳೂದಿಲ್ಲ, ಅಷ್ಟ."

೬. ರವಿವಾರ

ಎಂಟನೆಯ ವಾರ ಆಯಿ ಮೂವತ್ತೈದು ನಿಮಿಷ ನಿಂತರು. ಸಾಲದು ಎಂದು ಇಬ್ಬರಿಗೂ ಗೊತ್ತಿತ್ತು. ಆದರೂ ಅವರು ಮಹಾರಾಜರನ್ನು ಊಟಕ್ಕೆ ಕರೆಯಲೆಂದು ಬೆಳಿಗ್ಗೆ ಬಾಗಿಲಲ್ಲಿ ನಿಲ್ಲಲು ಶುರು ಮಾಡಿಬಿಟ್ಟಿದ್ದರು. ಮಹಾರಾಜರು ಮನಸ್ಸಿನಲ್ಲೇ ಏನೋ ಒಂದು ಗುರುತು ನೆನೆದುಕೊಂಡು ಹೊರಡುತ್ತಾರೆ. ಆ ಗುರುತು ಕಂಡ ಮನೆಯಲ್ಲಷ್ಟೇ ಊಟ. ಏನೆಂದು ಯಾರಿಗೂ ಹೇಳುವುದಿಲ್ಲ. ಆಯಿಯ ಮನೆಯವರು ಒಂದು ದಿನ ಕೈಯಲ್ಲಿ ಒಂದು ತೆಂಗಿನಕಾಯಿ ಹಿಡಿದರು, ಒಂದು ದಿನ ಎರಡು, ಒಂದು ದಿನ ಲಿಂಬೆಹಣ್ಣು. ಹತ್ತು ದಿನ ಮಹಾರಾಜರು ನಿಲ್ಲದೆ ಮುಂದೆ ಹೋದರು.

ಹನ್ನೊಂದನೆಯ ದಿನ ರವಿವಾರ. ಆಯಿಯ ನಿಲುವು ನೋಡಲೆಂದು ನಾನೂ ಅಕಿವಾಟಕ್ಕೆ ಹೋಗಿದ್ದೆ. ನಾನು ಲಿಂಗಾಯತರವಳು, ಮಡಿಯಲ್ಲಿ ಇರಲಿಲ್ಲ. ಒಳಮನೆ ಕಾಣುವಂತೆ ಪಡಸಾಲೆಯ ಮೂಲೆಯಲ್ಲಿ ನಿಲ್ಲಿಸಿದರು. ಓಣಿಯ ತುದಿಯಲ್ಲಿ ಮಹಾರಾಜರು ಕಂಡರು. "ನಮೋಸ್ತು, ನಮೋಸ್ತು" ಎಂದು ಎಲ್ಲ ಬಾಗಿಲುಗಳಿಂದ ಕೂಗು ಎದ್ದಿತು. ಅವರು ಬಂದರು, ನಮ್ಮ ಬಾಗಿಲು ದಾಟಿ ನಾಲ್ಕು ಹೆಜ್ಜೆ ಹೋದರು, ತಿರುಗಿ ಬಂದು ಆಯಿಯ ಮುಂದೆ ನಿಂತರು.

ಆಯಿ ಮೂರು ಸುತ್ತು ಪ್ರದಕ್ಷಿಣೆ ಹಾಕಿದರು. ನನ್ನ ಕಣ್ಣು ಅವರ ಮುಖದ ಮೇಲಿರಲಿಲ್ಲ, ಬಲಗಾಲಿನ ಮೇಲಿತ್ತು. ಒಳಗೆ ಊಟ ಶುರುವಾಯಿತು. ಹತ್ತು ನಿಮಿಷ, ಇಪ್ಪತ್ತು, ಮೂವತ್ತು. ಮಹಾರಾಜರು ಒಂದೊಂದು ತುತ್ತನ್ನೂ ನೋಡಿ ನೋಡಿ ನಿಧಾನವಾಗಿ ಉಣ್ಣುತ್ತಿದ್ದರು. ನಲವತ್ತಾಯಿತು. ಆಯಿಯ ಹಿಮ್ಮಡಿ ನೆಲ ಬಿಟ್ಟಿತು. ತುಟಿ ಬಿಳಿಚಿತು. ಈಗ ಅಯ್ಯೋ ಬರುತ್ತದೆ ಎಂದುಕೊಂಡೆ. ಬಂದರೆ ಮತ್ತೆ ಒಬ್ಬರು ಹಸಿದುಕೊಂಡು ಹೋಗುತ್ತಾರೆ, ಇನ್ನೊಬ್ಬರು ಆ ದುಃಖದಲ್ಲೇ ಉಳಿದ ಆಯುಷ್ಯ ಕಳೆಯುತ್ತಾರೆ.

ಪಕ್ಕದಲ್ಲಿದ್ದ ಸೊಸೆ ಅತ್ತೆಯ ಕಡೆ ನೋಡಲೂ ಇಲ್ಲ. ಒಂದು ಹೆಜ್ಜೆ ಸರಿದು ತನ್ನ ಭುಜವನ್ನು ಅತ್ತೆಯ ಭುಜಕ್ಕೆ ಒತ್ತಿ ನಿಂತಳು. ಆಯಿಯ ಹಿಮ್ಮಡಿ ಮತ್ತೆ ನೆಲಕ್ಕೆ ಬಂತು. ತಾಸು ತುಂಬುವ ಹೊತ್ತಿಗೆ ಅವರು ಕೊನೆಯ ಬೊಗಸೆಗೆ ನೀರು ಎರೆದರು. ಮಹಾರಾಜರು ಕುಡಿದರು, ಕೈ ತೊಳೆದುಕೊಂಡರು, ನವಿಲುಗರಿಯ ಪಿಂಛಿ ಎತ್ತಿ ಆಶೀರ್ವಾದ ಮಾಡಿ ಹೊರಟರು. ಎಲ್ಲರೂ ಬಾಗಿಲವರೆಗೆ ಹೋಗಿ ಕೈ ಮುಗಿದು ನಿಂತೆವು. ಅವರು ಓಣಿ ತಿರುಗುವವರೆಗೆ ಆಯಿ ಕಣ್ಣು ಮಿಟುಕಿಸಲಿಲ್ಲ.

ಮಹಾರಾಜರು ಓಣಿ ತಿರುಗಿದರು. ಆಯಿ ಕೇಳಿದರು, "ಹೋದ್ರೇನು?"

"ಹೋದ್ರು, ಅತ್ಯಾ."

"ಪೂರಾ ಹೋದ್ರೇನು?"

"ಬಸದಿ ಮುಟ್ಟಿರಬೇಕ್ರಿ."

ಆಗ ಆಯಿ ಬಾಗಿಲ ಚೌಕಟ್ಟು ಹಿಡಿದು, ಇಡೀ ಅಕಿವಾಟಕ್ಕೆ ಕೇಳುವಂತೆ, "ಅಯ್ಯಯ್ಯೋ ನಮ್ಮವ್ವಾ!" ಎಂದು ಕೂಗಿದರು.

ಓಣಿಯ ಹೆಂಗಸರು ಕೈಯಲ್ಲಿದ್ದ ಕಲಶ ಸಮೇತ ಓಡಿ ಬಂದರು. "ಅಂತರಾಯ ಆತೇನ? ಮತ್ತ ಆತೇನ?" ಎಂದು ಒಬ್ಬಾಕೆ ಆಗಲೇ ಅಳಲು ಶುರು ಮಾಡಿದ್ದಳು. ನಾನು ಜನರನ್ನು ಸರಿಸಿ ಹೋಗಿ ಆಯಿಯ ಸೊಂಟ ಹಿಡಿದೆ. "ಎಲ್ಲಿ ನೋವಾಕತ್ತೈತ್ರಿ ಆಯಿ? ಇಲ್ಲೇನು? ಇಲ್ಲಿ?"

ಆಯಿ ಸೆರಗಿನಿಂದ ಕಣ್ಣೊರೆಸಿಕೊಂಡರು. ಮುಖದ ತುಂಬ ನಗು.

"ನೋವು ಯಾವಾಗೋ ಹೋತ್ರಿ, ಡಾಕ್ಟರಬಾಯಿ. ಒಂದ ತಾಸು ಬಾಯಿ ಬಿಗಿ ಹಿಡಿದಿದ್ನಲಾ, ಇನ್ನೂ ಒದರಾಕ ಬರ್ತೈತೋ ಇಲ್ಲೋ ಅಂತ ನೋಡಿದೆ."