ಸೌಟು ಗೋಡೆಯಲ್ಲಿದೆ!

"ಈ ಗೋಡೆಯ ಹೊಟ್ಟೆ ಕರಗಿಸದಿದ್ರೆ ನನ್ನ ಹೆಸರು ರುಡಿ ಕೊವಾಲಿಕ್ಕೇ ಅಲ್ಲ!"

ಹೀಗೆಂದು ಊಟದ ಮೇಜು ಗುದ್ದಿದವನು ಒಹಾಯೋದಲ್ಲಿ ಸರೋವರದ ದಂಡೆಗಿರುವ ಲೊರೇನ್ ಊರಿನ ಶಾಲಾ ಬಸ್ಸಿನ ಡ್ರೈವರ್ ರುಡಿ. ಗುದ್ದಿದ ರಭಸಕ್ಕೆ ಕೋಸಿನೆಲೆಯ ಕಡುಬೊಂದು ತಟ್ಟೆಯಿಂದ ಹಾರಿ ಅವನ ಮಡಿಲಿಗೇ ಬಿತ್ತು. ಶೂರರು ಇಂಥದ್ದಕ್ಕೆಲ್ಲ ಧೃತಿಗೆಡುವುದಿಲ್ಲ.

ಗೋಡೆಗೆ ನಿಜಕ್ಕೂ ಹೊಟ್ಟೆ ಬಂದಿತ್ತು. ತಾತ ಕಟ್ಟಿದ ಮರದ ಮನೆ. ದಕ್ಷಿಣದ ಗೋಡೆ ನಡುವೆ ನಾಲ್ಕು ಬೆರಳು ಉಬ್ಬಿಕೊಂಡಿತ್ತು. ಇನ್ನು ಮೂರು ವಾರಕ್ಕೆ ಆ ಗೋಡೆಯ ಮುಂದೆಯೇ ರುಡಿ ದಂಪತಿಗಳ ಇಪ್ಪತ್ತೈದನೇ ಮದುವೆ ವಾರ್ಷಿಕೋತ್ಸವ. ಅಷ್ಟರಲ್ಲಿ ಅದಕ್ಕೆ ಹೊಸ ವಿನೈಲ್ ಸೈಡಿಂಗ್, ಅಂದರೆ ಪ್ಲಾಸ್ಟಿಕ್ ಹಲಗೆಗಳ ಹೊರಹೊದಿಕೆ, ಹೊದಿಸಬೇಕಿತ್ತು.

"ನಮ್ಮಣ್ಣನ್ನ ಕರೀಬಾರ್ದಾ? ಮೂವತ್ತು ವರ್ಷದಿಂದ ಅವನು ಮಾಡ್ತಿರೋದೇ ಈ ಕೆಲಸ" ಎಂದಳು ಹೆಂಡತಿ ಡೋರೀನ್.

"ಲೆನ್‌ನಾ? ಅವನು ಒಂದು ಮೊಳೆ ಹೊಡೆದ್ರೆ ಸಾಯೋವರೆಗೂ ಅದನ್ನೇ ಹೇಳ್ಕೊಂಡು ತಿರುಗ್ತಾನೆ!"

ಸುದ್ದಿ ಲೆನ್‌ಗೆ ಮುಟ್ಟಿತು. ಬಂದ, ಗೋಡೆ ನೋಡಿದ, ರುಡಿಯ ಹೊಟ್ಟೆಯನ್ನೂ ನೋಡಿದ.

"ಭಾವಯ್ಯ, ಎರಡೂ ಕರಗೋದಿಲ್ಲ ಬಿಡು."

"ಪಂದ್ಯ ಕಟ್ತೀಯಾ?"

"ಕಟ್ಟಿದೆ! ಪಾರ್ಟಿ ದಿನ ಗೋಡೆ ನೆಟ್ಟಗಿದ್ರೆ ಎಲ್ಲರೆದುರು ನಿನ್ನ ಮೇಸ್ತ್ರಿ ಅಂತೀನಿ. ಉಬ್ಬಿದ್ರೆ 'ನೀನು ಹೇಳಿದ್ದೇ ಸರಿ' ಅಂತ ನೀನು ಅನ್ಬೇಕು."

ಆ ಮಾತನ್ನು ರುಡಿ ಹುಟ್ಟಿದಾರಭ್ಯ ಯಾರಿಗೂ ಹೇಳಿದವನಲ್ಲ! ಆದರೂ ಕೈಕುಲುಕಿಯೇಬಿಟ್ಟ.

ಹೊಟ್ಟೆ ಕರಗದಿದ್ದರೇನು, ಸುತ್ತಲಿನ ತಗ್ಗನ್ನೇ ಹೊಟ್ಟೆಯ ಮಟ್ಟಕ್ಕೆ ಏರಿಸಿದರಾಯಿತು! ದಾರ ಕಟ್ಟಿದ, ಮರದ ಪಟ್ಟಿ ಬಡಿದ, ಪಟ್ಟಿಯ ಹಿಂದೆ ತಗ್ಗಿದ್ದಲ್ಲೆಲ್ಲ ಮರದ ಚೂರು ತುರುಕಿದ. ಚೂರು ಮುಗಿಯಿತು. ಛಲ ಮುಗಿಯಲಿಲ್ಲ.

"ರುಡಿ, ತರಕಾರಿ ಹೆಚ್ಚೋ ಮಣೆ ಎಲ್ಲಿ?"

"ಕಿಟಕಿ ಕೆಳಗೆ."

"ಇಲ್ಲಿ ಇಲ್ವಲ್ಲ!"

"ಒಳಗಲ್ಲ ಕಣೇ, ಹೊರಗೆ. ಪಟ್ಟಿ ಹಿಂದೆ."

"ಅಯ್ಯೋ ನಿನ್ನ! ಮತ್ತೆ ನಮ್ಮಮ್ಮನ ಮರದ ಸೌಟು?"

"ಸೌಟು ಗೋಡೆಯಲ್ಲಿದೆ! ಅಲ್ಲಿ ಎಷ್ಟು ಚೆನ್ನಾಗಿ ಕೂತಿದೆ ಗೊತ್ತಾ?"

ಸೈಡಿಂಗ್ ಹೊಡೆಯುವ ದಿನ ಡೋರೀನ್ ಅದರ ಪೆಟ್ಟಿಗೆಯಲ್ಲಿದ್ದ ಸೂಚನೆಯ ಚೀಟಿ ಹಿಡಿದು ಏಣಿಯ ಬುಡಕ್ಕೆ ಬಂದಳು.

"ಇಲ್ನೋಡು, ಮೊಳೆ ಬಿಗಿಯಾಗಿ ಹೊಡೀಬಾರದಂತೆ. ಸಡಿಲ ಬಿಡ್ಬೇಕಂತೆ. ಬಿಸಿಲಿಗೆ ಇದು ಹಿಗ್ಗುತ್ತಂತೆ."

"ಸಡಿಲ ಬಿಟ್ರೆ ಗಾಳಿಗೆ ಹಾರಿ ಸರೋವರ ದಾಟಿ ಕೆನಡಾಕ್ಕೆ ಹೋಗುತ್ತೆ! ನನಗೆ ಹೇಳ್ಕೊಡಬೇಡ."

"ಹೋಗ್ಲಿ ಬಿಡು. ನಾನು ಹೇಳಿದ್ದನ್ನ ಯಾವತ್ತು ಕೇಳಿದ್ದೀಯ!"

ಅವನು ಹೊಡೆದ. ಮೊಳೆಯ ತಲೆ ಒಳಗೆ ಹೂತುಹೋಗುವಂತೆ ಹೊಡೆದ. ಒಂದು ಸಾಕಾಗುವಲ್ಲಿ ಎರಡು ಹೊಡೆದ! ಆ ವಾರವೆಲ್ಲ ಮೋಡ, ಸರೋವರದ ತಣ್ಣನೆಯ ಗಾಳಿ. ಗೋಡೆ ಇಸ್ತ್ರಿ ಮಾಡಿದ ಅಂಗಿಯಂತೆ ನಿಂತಿತ್ತು. ರುಡಿ ದಿನಕ್ಕೆ ಹತ್ತು ಸಲ ಹೊರಗೆ ಹೋಗಿ ಅದನ್ನು ಸವರಿ ಬರುತ್ತಿದ್ದ.

ಶನಿವಾರ ಪಾರ್ಟಿ, ಅಂಗಳದ ತುಂಬ ಜನ. ಲೆನ್ ಉದ್ದನೆಯ ಮಟ್ಟಗೋಲು ತಂದು ಗೋಡೆಗೆ ಅಡ್ಡ ಇಟ್ಟ, ಉದ್ದ ಇಟ್ಟ, ಓರೆಯಾಗಿಯೂ ಇಟ್ಟ. ಎಲ್ಲಿಯೂ ಬೆಳಕು ನುಸುಳಲಿಲ್ಲ! ಅವನ ಮುಖ ಸಪ್ಪಗಾಯಿತು. ಬಿಯರ್ ಲೋಟ ಎತ್ತಿ ಗಂಟಲು ಸರಿಮಾಡಿಕೊಂಡ.

"ಬಂಧುಗಳೇ, ನಮ್ಮ ಭಾವಯ್ಯ ನಿಜವಾಗ್ಲೂ ಮೇ..."

ಅಷ್ಟರಲ್ಲಿ ಮೋಡ ಸರಿದು ಸೂರ್ಯ ಹೊರಗೆ ಬಂದ. ಅವನಿಗೆ ಬೇರೆ ದಿನವೇ ಸಿಗಲಿಲ್ಲವೇ!

ಟಕ್. ಮತ್ತೊಂದು ಟಕ್. ಬಿಸಿಲೇರಿದಂತೆ ಗೋಡೆ ನಿಧಾನಕ್ಕೆ ಉಸಿರೆಳೆದುಕೊಳ್ಳತೊಡಗಿತು. ಒಂದಿದ್ದ ಹೊಟ್ಟೆ ಏಳಾಯಿತು! ಮಾತು ನುಂಗಿ ನಿಂತ ಲೆನ್‌ನ ಮುಖ ಮತ್ತೆ ಅರಳಿತು. ರುಡಿ ಓಡಿಹೋಗಿ ಎರಡೂ ಕೈಯಿಂದ ಗೋಡೆಯನ್ನು ಒತ್ತಿ ಹಿಡಿದ. ಕೈಯಡಿಯ ಹಲಗೆ ಫಟ್ಟೆಂದು ಕಿತ್ತುಬಂತು; ಅದರ ಹಿಂದಿನಿಂದ ಅತ್ತೆಯ ಸೌಟು ಜಾರಿ ಡೋರೀನಳ ಕಾಲಬುಡಕ್ಕೆ ಬಿತ್ತು.

ರುಡಿ ನಾಲ್ಕು ಸಲ ಬಾಯಿ ತೆರೆದ, ನಾಲ್ಕು ಸಲ ಮುಚ್ಚಿದ. ಐದನೆಯ ಸಲ ಸ್ವರ ಹೊರಟಿತು.

"ಲೆನ್... ನೀನು ಹೇಳಿದ್ದೇ... ಸರಿ."

ಲೆನ್ ಕಿತ್ತುಬಂದ ಹಲಗೆಯನ್ನು ಎತ್ತಿ ಮೊಳೆಯ ಗುರುತು ನೋಡಿದ. ನಕ್ಕು ತಲೆ ಅಲ್ಲಾಡಿಸಿದ.

"ಇಲ್ಲ ಭಾವ, ನಾನು ಸೋತೆ. ಹಳೇ ಹೊಟ್ಟೆಯನ್ನ ನೀನು ಕರಗಿಸಿಯೇ ಬಿಟ್ಟಿದ್ದೆ. ಇದು ಬಿಗಿಯಾಗಿ ಹೊಡೆದಿದ್ದಕ್ಕೆ ಬಂದ ಹೊಸ ಹೊಟ್ಟೆ. ಸಡಿಲ ಬಿಡು ಅಂತ ಯಾರೂ ಹೇಳ್ಲಿಲ್ವಾ?"

ಡೋರೀನ್ ಗಟ್ಟಿಯಾಗಿ ಕೆಮ್ಮಿದಳು. ನೆರೆದವರೆಲ್ಲ ಅವಳ ಕಡೆ ತಿರುಗಿದರು. ರುಡಿಯೂ ತಿರುಗಿದ, ಬೇರೆ ದಾರಿಯಿರಲಿಲ್ಲ. ಅವಳು ಬಗ್ಗಿ ಸೌಟು ಎತ್ತಿಕೊಂಡಳು, ಸೆರಗಿನಂತೆ ಇಳಿಬಿದ್ದಿದ್ದ ಅಡುಗೆಯ ಏಪ್ರನ್ನಿನಿಂದ ಒರೆಸಿದಳು, ಬಂದು ಮೈಕಿನಂತೆ ಗಂಡನ ಬಾಯಿಗೆ ಹಿಡಿದಳು.

"ಚರ್ಚಲ್ಲಿ ಮದುವೆ ದಿನ ನೀನು 'ಹೂಂ' ಅಂದಿದ್ದು ಪಾದ್ರಿಗೂ ಕೇಳಿಸಿರ್ಲಿಲ್ಲ. ಈಗ ಅಣ್ಣನಿಗೆ ಹೇಳಿದ್ದನ್ನಾದ್ರೂ ನನಗೆ, ಹಿಂದೆ ಕೂತವರಿಗೂ ಕೇಳೋ ಹಾಗೆ, ಹೇಳು!"